‘ಗೃಹಭಂಗ’ದಲ್ಲಿ ತಾಯಿ–ಮಗನ ಸಂಬಂಧ

ದಕ್ಷಿಣ ಭಾರತದ ಚಲಚ್ಚಿತ್ರಗಳು ತಾಯಿ–ಮಗನ ಬಾಂಧವ್ಯವನ್ನು ಒಂದು ಆದರ್ಶವಾಗಿ ರೂಪಿಸಿವೆಯೆಂಬುದು ನಿರ್ವಿವಾದ. ತಮಿಳಿನಲ್ಲಿ ಎಂ. ಜಿ. ರಾಮಚಂದ್ರನ್ ನಟಿಸಿದ ‘ತಾಯ್‌ಕ್ಕುಪ್ಪಿನ್ ತಾರಂ’ (1956), ‘ತಾಯ್ ಸೊಲ್ಲೈ ತಟ್ಟಾದೇ’ (1961), ಕನ್ನಡದಲ್ಲಿ ರಾಜಕುಮಾರರ ‘ತಾಯಿಗೆ ತಕ್ಕ ಮಗ’ (1978), ಇವುಗಳ ಹೆಸರುಗಳೇ ಆ ಆದರ್ಶವನ್ನು ಸಾರುತ್ತವೆ. ತಾಯಿಯ ನಂತರವೇ ಹೆಂಡತಿ; ತಾಯಿಯ ಮಾತನ್ನು ಮೀರಲಾಗದು; ಮಗನು ಆಕೆಗೆ ತಕ್ಕವನಾಗಬೇಕು. ಮಾತೃಋಣವು ತೀರಬಲ್ಲುದೆಂಬ ಭರವಸೆಯೇ ಈ ಆದರ್ಶದ ತಿರುಳು.

ಹಾಸನ ಜಿಲ್ಲೆಯ ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರದಲ್ಲಿ ಜನಿಸಿ, 2025ರಲ್ಲಿ ನಿಧನರಾದ ಎಸ್. ಎಲ್. ಭೈರಪ್ಪನವರ ‘ಗೃಹಭಂಗ’ (1970) ಈ ಭರವಸೆಯನ್ನು ಎರಡು ಕಡೆಯಿಂದ ಪರೀಕ್ಷಿಸುತ್ತದೆ. ವಿಧವೆ ಗಂಗಮ್ಮನು ಬಿರುನುಡಿಯಿಂದಲೇ ಮಕ್ಕಳನ್ನು ಬೆಳೆಸಿದವಳು. ಹಿರಿಯ ಮಗ ಚೆನ್ನಿಗರಾಯನು ಶ್ಯಾನುಭೋಗಿಕೆಯ ಲೆಕ್ಕ ಬರೆಯಲಾರದ ಸೋಮಾರಿ, ಹೊಟ್ಟೆಬಾಕ. ಈತನೂ ತಾಯಿಗೆ ತಕ್ಕ ಮಗನೇ! ಆದರೆ ಆ ಮಾತಿನಲ್ಲಿ ಈಗ ಹೊಗಳಿಕೆಯ ಲೇಶವೂ ಉಳಿದಿಲ್ಲ. ತಾಯ್ತನವು ತನ್ನಷ್ಟಕ್ಕೆ ತಾನೇ ಸದ್ಗುಣವಲ್ಲವೆಂಬ ನಿಷ್ಠುರ ಸತ್ಯ ಇಲ್ಲಿ ವ್ಯಕ್ತವಾಗುತ್ತದೆ.

ಇನ್ನೊಂದು ಕಡೆ ಸೊಸೆ ನಂಜಮ್ಮ. ಗಂಡನ ಲೆಕ್ಕವನ್ನು ತಾನೇ ಬರೆದು, ಮುತ್ತುಗದ ಎಲೆ ಹಚ್ಚಿ ಸಂಸಾರ ಸಾಗಿಸುವ ಈಕೆಯೂ ಚಲಚ್ಚಿತ್ರದ ತ್ಯಾಗಮಯಿ ತಾಯಿಯೇ ಅಲ್ಲವೇ ಎಂಬ ಆಕ್ಷೇಪಣೆ ಸಹಜ. ಅಲ್ಲವೆಂದೇ ನಮ್ಮ ಅಭಿಪ್ರಾಯ. ಆಕೆಯ ವಾತ್ಸಲ್ಯವು ಹರಕೆಯಲ್ಲಾಗಲಿ ಕಣ್ಣೀರಿನಲ್ಲಾಗಲಿ ಅಲ್ಲ, ದುಡಿಮೆಯಲ್ಲಿ ಪ್ರಕಟವಾಗುತ್ತದೆ. ಪ್ಲೇಗು ಮೊದಲು ಮಗಳು ಪಾರ್ವತಿಯನ್ನೂ ಮಗ ರಾಮಣ್ಣನನ್ನೂ, ಮುಂದೆ ನಂಜಮ್ಮನನ್ನೂ ಒಯ್ಯುತ್ತದೆ. ಉಳಿದವನು ಬಾಲಕ ವಿಶ್ವ. ತಾಯಿಗಾಗಿ ಏನನ್ನಾದರೂ ಮಾಡುವ ವಯಸ್ಸು ಅವನಿಗೆ ಬರುವ ಮೊದಲೇ ಆಕೆ ಇಲ್ಲ. ಕೊನೆಗೆ ಅವನನ್ನು ಊರಿನಿಂದ ಕರೆದೊಯ್ಯುವವನು ತಂದೆಯೂ ಅಲ್ಲ, ಬಂಧುವೂ ಅಲ್ಲ, ಮಾದೇವಯ್ಯ. ಹೀಗೆ ಋಣವು ತೀರದೆಯೇ ಉಳಿಯುತ್ತದೆ.

ಬಾಲ್ಯದಲ್ಲಿಯೇ ಪ್ಲೇಗಿನಿಂದ ಒಡಹುಟ್ಟಿದವರನ್ನು ಕಳೆದುಕೊಂಡು, ತಾಯಿಯನ್ನೂ ಕಳೆದುಕೊಂಡ ಲೇಖಕರು ಆ ಬದುಕನ್ನು ‘ಭಿತ್ತಿ’ಯಲ್ಲಿ (1996) ನಿರೂಪಿಸಿದ್ದಾರೆ. ಆದರೂ ಕಾದಂಬರಿಯು ಶೋಕಗೀತೆಯಾಗದಿರುವುದು ಅದರ ಸಂಯಮಕ್ಕೆ ಸಾಕ್ಷಿ.

ದೋಷವಿಲ್ಲವೆಂದಲ್ಲ. ನಂಜಮ್ಮನ ಅಂತರಂಗಕ್ಕೆ ದೊರೆತ ಸಹಾನುಭೂತಿ ಗಂಗಮ್ಮನಿಗೆ ದೊರೆತಿಲ್ಲ. ಎಳೆಯ ವಯಸ್ಸಿನಲ್ಲಿಯೇ ವಿಧವೆಯಾಗಿ ಇಬ್ಬರು ಗಂಡುಮಕ್ಕಳನ್ನು ಸಾಕಬೇಕಾದವಳ ಕ್ರೌರ್ಯಕ್ಕೂ ಒಂದು ಕಾರಣವಿದ್ದೀತು. ಅದನ್ನು ಶೋಧಿಸಿದ್ದರೆ ಎರಡು ಮಾತೃಚಿತ್ರಗಳ ವೈದೃಶ್ಯ ಇನ್ನೂ ಸೂಕ್ಷ್ಮವಾಗುತ್ತಿತ್ತು.

ಆದಕಾರಣ ಮಾತೃಭಕ್ತಿಯನ್ನು ಅಭ್ಯಸಿಸುವ ವಿದ್ಯಾರ್ಥಿಗಳು ತಾಯಿಯನ್ನು ದೇವರೆನ್ನುವ ಕೃತಿಗಳ ಜೊತೆಗೆ, ಆಕೆ ಮನೆಯನ್ನು ಹೇಗೆ ನಡೆಸಿದಳೆಂದು ಕೇಳುವ ಈ ಕೃತಿಯನ್ನೂ ಇರಿಸಿ ಓದುವುದು ಅವಶ್ಯಕ.