ಹೆಸರಿಲ್ಲದ ನಾವಿಕ: ಜೂಲ್ಸ್ ವರ್ನನ ಎರಡು ಕಾದಂಬರಿಗಳು

ಸಾಹಸ ಕಥೆಗಳು ಮಕ್ಕಳ ಸೊತ್ತು. ಮೀಸೆ ಮೂಡಿದ ಮೇಲೆ ಅವನ್ನು ಅಟ್ಟಕ್ಕೇರಿಸಬೇಕು ಎಂಬ ಎಣಿಕೆ ನಮ್ಮ ಸುಶಿಕ್ಷಿತ ಕುಟುಂಬಗಳಲ್ಲಿ ಬಹುಕಾಲದಿಂದ ಬೇರೂರಿದೆ. ಗಂಭೀರ ಓದೆಂದರೆ ಕಾರಂತ, ಕುವೆಂಪು, ಮಾಸ್ತಿ. ಉಳಿದದ್ದೆಲ್ಲ ರೈಲು ಪ್ರಯಾಣದ ಹೊತ್ತುಗಳೆವ ಸರಕು. ಈ ವಿಂಗಡಣೆ ಎಷ್ಟು ಟೊಳ್ಳಾದದ್ದೆಂದು ತೋರಿಸಲು ಫ್ರೆಂಚ್ ಲೇಖಕ ಜೂಲ್ಸ್ ವರ್ನ್ (1828–1905) ಒಬ್ಬನೇ ಸಾಕು. ಅವನ ಎರಡು ಕಾದಂಬರಿಗಳನ್ನು, ನಡುವಯಸ್ಸಿನವರ ಕಣ್ಣಿನಿಂದ ಮತ್ತೊಮ್ಮೆ ಪರಿಶೀಲಿಸುವುದು ನಮ್ಮ ಇಲ್ಲಿಯ ಉದ್ದೇಶ.

ಮೊದಲನೆಯದು ಇಪ್ಪತ್ತು ಸಾವಿರ ಹರದಾರಿಗಳ ಸಮುದ್ರಯಾನದ ಕಥೆ. 1869–70ರಲ್ಲಿ ಪ್ಯಾರಿಸ್ಸಿನ ಒಂದು ಕೌಟುಂಬಿಕ ಪತ್ರಿಕೆಯಲ್ಲಿ ಇದು ಧಾರಾವಾಹಿಯಾಗಿ ಬಂತು. ಇಪ್ಪತ್ತು ಸಾವಿರ ಹರದಾರಿ ಎಂಬುದು ಸಮುದ್ರದ ಆಳವೆಂದು ಅನೇಕರು ತಿಳಿದಿದ್ದಾರೆ. ಅದು ಆಳವಲ್ಲ, ನೀರಿನಡಿಯಲ್ಲಿ ಕ್ರಮಿಸಿದ ದೂರ. ವರ್ನನ ಲೆಕ್ಕದಲ್ಲಿ ಸುಮಾರು 80,000 ಕಿಲೋಮೀಟರು, ಅಂದರೆ ಭೂಮಿಗೆ ಎರಡು ಸುತ್ತು. ಸಮುದ್ರದಲ್ಲಿ ಹಡಗುಗಳಿಗೆ ಡಿಕ್ಕಿ ಹೊಡೆಯುತ್ತಿರುವ ಯಾವುದೋ ದೈತ್ಯ ಪ್ರಾಣಿಯನ್ನು ಬೇಟೆಯಾಡಲು ಅಮೆರಿಕದ ಯುದ್ಧನೌಕೆಯೊಂದು ಹೊರಡುತ್ತದೆ. ಅದರಲ್ಲಿದ್ದ ಪ್ರೊಫೆಸರ್ ಅರೊನಾಕ್ಸ್, ಅವನ ಸೇವಕ ಕೊನ್ಸೆಯ್ ಮತ್ತು ತಿಮಿಂಗಿಲ ಬೇಟೆಗಾರ ನೆಡ್ ಲ್ಯಾಂಡ್ ನೀರುಪಾಲಾಗಿ ಆ 'ಪ್ರಾಣಿ'ಯ ಬೆನ್ನ ಮೇಲೆಯೇ ಬದುಕಿಕೊಳ್ಳುತ್ತಾರೆ. ಅದು ಪ್ರಾಣಿಯಲ್ಲ, ನಾಟಿಲಸ್ ಎಂಬ ಎಪ್ಪತ್ತು ಮೀಟರ್ ಉದ್ದದ ಜಲಾಂತರ್ಗಾಮಿ. ಅದರ ಒಡೆಯ ಕ್ಯಾಪ್ಟನ್ ನೀಮೋ. ಲ್ಯಾಟಿನ್ ಭಾಷೆಯಲ್ಲಿ ಆ ಹೆಸರಿಗೆ 'ಯಾರೂ ಅಲ್ಲ' ಎಂದರ್ಥ.

ಈ ಪುಸ್ತಕ ಇಷ್ಟು ಕಾಲ ಬಾಳಿದ್ದು ಏಕೆ? ವರ್ನ್ ಭವಿಷ್ಯವನ್ನು ಕಂಡವನು, ಅದಕ್ಕೇ ಎನ್ನುವುದು ಸಾಮಾನ್ಯ ಉತ್ತರ. ಇದನ್ನು ನಾವು ಒಪ್ಪಲಾರೆವು. 1954ರಲ್ಲಿ ಅಮೆರಿಕದವರು ತಮ್ಮ ಮೊದಲ ಪರಮಾಣುಚಾಲಿತ ಜಲಾಂತರ್ಗಾಮಿಯನ್ನು ನಾಟಿಲಸ್ ಎಂಬ ಹೆಸರಿನಲ್ಲೇ ನೀರಿಗಿಳಿಸಿದರು. ಬೆರಗು ಯಂತ್ರದ್ದೇ ಆಗಿದ್ದರೆ ಅಂದಿಗೇ ಅದು ಮುಗಿದುಹೋಗಬೇಕಾಗಿತ್ತು. ಅದಲ್ಲದೆ, ಯಂತ್ರದ ವಿವರಣೆಗಳೂ ಪುಟಗಟ್ಟಲೆ ಸಾಗುವ ಮೀನುಗಳ ಪಟ್ಟಿಗಳೂ ಈ ಕಾದಂಬರಿಯ ದುರ್ಬಲ ಭಾಗಗಳೆಂಬುದನ್ನು ಅದನ್ನು ಪೂರ್ತಿ ಓದಿದವರು ಬಲ್ಲರು. ಅಲ್ಲಿ ಕಥೆಗಾರನನ್ನು ಪಕ್ಕಕ್ಕೆ ಸರಿಸಿ ಮೇಷ್ಟರು ಕುರ್ಚಿ ಹಿಡಿದುಬಿಡುತ್ತಾರೆ.

ಬಾಳಿರುವುದು ನೀಮೋ. ನೆಲದ ಮೇಲಿನ ಎಲ್ಲ ಸಂಬಂಧ ಕಡಿದುಕೊಂಡೆ ಎಂದು ಸಾರುವ ಈ ಮನುಷ್ಯ ಹನ್ನೆರಡು ಸಾವಿರ ಪುಸ್ತಕಗಳನ್ನು ಜೊತೆಗೆ ಕಟ್ಟಿಕೊಂಡೇ ಕಡಲಿಗಿಳಿದಿದ್ದಾನೆ. ಅವನ ಗ್ರಂಥಾಲಯದಲ್ಲಿ ಪುಸ್ತಕಗಳನ್ನು ಭಾಷೆಯ ಪ್ರಕಾರ ಬೇರ್ಪಡಿಸಿಲ್ಲ. ಎಲ್ಲ ಭಾಷೆಯವೂ ಕಲಸಿಕೊಂಡು ನಿಂತಿವೆ, ಯಾವುದು ಕೈಗೆ ಸಿಕ್ಕಿದರೆ ಅದನ್ನು ಓದಬಲ್ಲವನ ಕಪಾಟು ಅದು. ಸಿಂಹಳದ ಬಳಿ ಮುತ್ತು ಹೆಕ್ಕಲು ಮುಳುಗಿದ ಬಡ ಭಾರತೀಯನೊಬ್ಬನ ಮೇಲೆ ಶಾರ್ಕ್ ಎರಗಿದಾಗ ಇದೇ ವಿರಾಗಿ ಕಠಾರಿ ಹಿಡಿದು ಅದಕ್ಕೆ ಎದುರಾಗುತ್ತಾನೆ. ಉಳಿದ ಬಡವನ ಕೈಗೆ ಮುತ್ತಿನ ಚೀಲವಿಡುತ್ತಾನೆ. ಆಮೇಲೆ, ಆ ಮನುಷ್ಯ ದಮನಿತರ ನಾಡಿನವನು, ಕೊನೆಯುಸಿರಿನವರೆಗೆ ತಾನೂ ಅದೇ ನಾಡಿನವನು ಎನ್ನುತ್ತಾನೆ. ಹಾಗೆಂದು ವರ್ನ್ ಅವನನ್ನು ದೇವರ ಪಟ್ಟಕ್ಕೆ ಏರಿಸಿಲ್ಲ. ಇದೇ ನೀಮೋ ಯುದ್ಧನೌಕೆಯೊಂದನ್ನು ಜನಸಮೇತ ಮುಳುಗಿಸುತ್ತಾನೆ. ಅನಂತರ ಒಬ್ಬ ಹೆಣ್ಣು ಮತ್ತು ಎರಡು ಮಕ್ಕಳ ಚಿತ್ರದ ಮುಂದೆ ಮಂಡಿಯೂರಿ ಬಿಕ್ಕುತ್ತಾನೆ. ಸೇಡನ್ನು ಒಪ್ಪುವುದೋ ಬಿಡುವುದೋ ಎಂಬ ಇಕ್ಕಟ್ಟು ಅರೊನಾಕ್ಸನದು, ಓದುವವರದೂ ಅದೇ.

ಪರಸ್ಥಳದಲ್ಲಿ ನೆಲೆಸಿದ ನಮ್ಮಂಥವರು ವಿಶೇಷವಾಗಿ ಗಮನಿಸಬೇಕಾದ ಪ್ರಸಂಗ ಇನ್ನೊಂದಿದೆ. ನಾಟಿಲಸ್‌ನ ನಾವಿಕರು ನಾನಾ ದೇಶದವರು. ತಮ್ಮ ತಮ್ಮ ಭಾಷೆಗಳನ್ನು ಬಿಟ್ಟು ತಮ್ಮೊಳಗೆ ಯಾರಿಗೂ ಅರ್ಥವಾಗದ ಒಂದು ಭಾಷೆಯನ್ನು ರೂಢಿಸಿಕೊಂಡಿದ್ದಾರೆ. ಮಹಾ ಅಷ್ಟಪದಿಗಳು ಹಡಗನ್ನು ಮುತ್ತಿದಾಗ ಒಬ್ಬ ನಾವಿಕ ಆ ತೋಳುಗಳಿಗೆ ಸಿಕ್ಕಿಬೀಳುತ್ತಾನೆ. ಸಾಯುವ ಘಳಿಗೆಯಲ್ಲಿ ಅವನ ಬಾಯಿಂದ ಹೊರಟ ಕೂಗು ಫ್ರೆಂಚಿನದು! ಇಷ್ಟು ತಿಂಗಳು ತನ್ನ ನಾಡಿನವನೊಬ್ಬ ಪಕ್ಕದಲ್ಲೇ ಇದ್ದನೆಂದು ಅರೊನಾಕ್ಸನಿಗೆ ತಿಳಿಯುವುದು ಆಗಲೇ. ಆಫೀಸಿನಲ್ಲಿ ಒಂದು ಭಾಷೆ, ಬಜಾರಿನಲ್ಲಿ ಇನ್ನೊಂದು, ಮಕ್ಕಳ ಶಾಲೆಗೆ ಮತ್ತೊಂದು ಎಂದು ಬದುಕುವ ನಮಗೆ ಈ ಪ್ರಸಂಗಕ್ಕೆ ಟೀಕೆ-ಟಿಪ್ಪಣಿ ಬೇಕಿಲ್ಲ. ಅದನ್ನು 'ಮಕ್ಕಳ ಪುಸ್ತಕ' ಎಂದು ಬದಿಗಿಟ್ಟವರು ಕಳೆದುಕೊಂಡದ್ದೇನೆಂಬುದನ್ನು ಮಾತ್ರ ನೆನೆಯಬೇಕು.

ಎರಡನೆಯ ಕಾದಂಬರಿ 'ನಿಗೂಢ ದ್ವೀಪ' (1874–75). ಅಮೆರಿಕದ ಅಂತರ್ಯುದ್ಧದ ಕಾಲದಲ್ಲಿ ಬಲೂನಿನಲ್ಲಿ ಪಾರಾದ ಐವರು ನಿರ್ಜನ ದ್ವೀಪಕ್ಕೆ ಬಂದು ಬೀಳುತ್ತಾರೆ. ಕಾಣದ ಕೈಯೊಂದು ಮೇಲಿಂದ ಮೇಲೆ ಅವರನ್ನು ಕಾಪಾಡುತ್ತದೆ. ಆ ಕೈ ಮುದಿ ನೀಮೋನದು. ಮರಣಶಯ್ಯೆಯಲ್ಲಿ ಅವನು ತನ್ನ ಗುಟ್ಟು ಬಿಡುತ್ತಾನೆ: ತಾನು ಬುಂದೇಲಖಂಡದ ರಾಜಪುತ್ರ ಡಕ್ಕರ್, 1857ರ ದಂಗೆಯಲ್ಲಿ ಹೋರಾಡಿ ಮನೆಮಂದಿಯನ್ನೆಲ್ಲ ಕಳೆದುಕೊಂಡವನು. ಅಷ್ಟೇ ಅಲ್ಲ, ಟಿಪ್ಪು ಸುಲ್ತಾನನ ಸೋದರ ಸಂಬಂಧದ ಮಗ! ಭಾರತದ ನೆಲವನ್ನೇ ಮೆಟ್ಟದ ಫ್ರೆಂಚ್ ಲೇಖಕನ ಕಲ್ಪನೆ ಶ್ರೀರಂಗಪಟ್ಟಣದವರೆಗೆ ಕೈಚಾಚಿದ್ದು ಕನ್ನಡಿಗರಿಗೆ ಕೌತುಕದ ಸಂಗತಿಯೇ ಸರಿ.

ಕೌತುಕಕ್ಕೆ ಮರುಳಾಗಿ ವಿಮರ್ಶೆಯನ್ನು ಬಿಡಬಾರದು. ಟಿಪ್ಪು ಮಡಿದದ್ದು 1799ರಲ್ಲಿ. ಡಕ್ಕರ್ ಹುಟ್ಟಿದ್ದು, ಕಾದಂಬರಿಯ ಲೆಕ್ಕದಲ್ಲೇ, ಅದಕ್ಕೆ ಸುಮಾರು ಇಪ್ಪತ್ತು ವರ್ಷ ತರುವಾಯ. ಮೈಸೂರಿಗೂ ಬುಂದೇಲಖಂಡಕ್ಕೂ ಈ ನಂಟು ಬೆಸೆದದ್ದು ಹೇಗೆಂದು ವರ್ನ್ ಹೇಳುವುದಿಲ್ಲ. ಎರಡು ಕಾದಂಬರಿಗಳ ಇಸವಿಗಳೂ ಒಂದಕ್ಕೊಂದು ಕೂಡುವುದಿಲ್ಲ. ಮೊದಲಿಗೆ ನೀಮೋನನ್ನು ರಷ್ಯದ ಮೇಲೆ ಮುನಿದ ಪೋಲೆಂಡಿನವನನ್ನಾಗಿ ಮಾಡಬೇಕೆಂದಿದ್ದ ವರ್ನನಿಗೆ ಪ್ರಕಾಶಕ ಹೆಟ್ಜೆಲ್ ಅಡ್ಡ ಬಂದಿದ್ದ. ಭಾರತೀಯತ್ವ ಆಮೇಲೆ ತೊಡಿಸಿದ ಅಂಗಿ. ಇದಕ್ಕಿಂತ ದೊಡ್ಡ ಆಕ್ಷೇಪವೂ ನಮ್ಮದುಂಟು. ಸಾಯುತ್ತಿರುವ ಬಂಡಾಯಗಾರನ ಕಥೆ ಕೇಳಿದ ಅಮೆರಿಕದ ಇಂಜಿನಿಯರ್, ನೀವು ತಡೆಯಲಾಗದ ಪ್ರಗತಿಯ ವಿರುದ್ಧ ಹೋರಾಡಿದಿರಿ ಎಂಬ ಅರ್ಥದ ತೀರ್ಪು ಕೊಡುತ್ತಾನೆ. ಪರರಾಜ್ಯಕ್ಕೆ ಪ್ರಗತಿಯೆಂಬ ಹೆಸರು ಎಷ್ಟು ಸುಲಭವಾಗಿ ಬಂತು! 'ಎಂಬತ್ತು ದಿನಗಳಲ್ಲಿ ಭೂಪ್ರದಕ್ಷಿಣೆ'ಯಲ್ಲೂ (1872) ಇದೇ ದೃಷ್ಟಿ: ಅಲ್ಲಿಯ ಭಾರತವೆಂದರೆ ರೈಲು, ಆನೆ, ಚಿತೆಯಿಂದ ಪಾರುಮಾಡಬೇಕಾದ ಒಬ್ಬ ಹೆಣ್ಣು. ಇಷ್ಟಾದರೂ ಒಂದು ಮಾತು ಸಲ್ಲಬೇಕು. ಬ್ರಿಟಿಷರು ಕೊಬ್ಬಿ ಆಳುತ್ತಿದ್ದ ಕಾಲದಲ್ಲಿ, 1857ರ ಬಂಡಾಯಗಾರನೊಬ್ಬನನ್ನು ಯುರೋಪಿನ ಮನೆಮನೆಯ ನಾಯಕನನ್ನಾಗಿ ಮಾಡಿದವನು ಇದೇ ವರ್ನ್.

ಇದು ಇಂಗ್ಲಿಷ್ ಓದುಗರಿಗೆ ಬಹುಕಾಲ ನೆಟ್ಟಗೆ ತಲುಪಲಿಲ್ಲ. 1870ರ ದಶಕದ ಇಂಗ್ಲಿಷ್ ಅನುವಾದದಲ್ಲಿ ಮೊದಲ ಕಾದಂಬರಿಯ ಗಣನೀಯ ಭಾಗ ಕತ್ತರಿಗೆ ಬಿತ್ತು. 'ನಿಗೂಢ ದ್ವೀಪ'ದಲ್ಲಿ ಬ್ರಿಟಿಷರ ವಿರುದ್ಧದ ನೀಮೋನ ಮಾತುಗಳನ್ನು ಬದಲಿಸಿಬಿಟ್ಟರು. ಅನೇಕ ಅಗ್ಗದ ಆವೃತ್ತಿಗಳಿಗೆ ಈ ಅನುವಾದಗಳೇ ಆಧಾರ. ಮಕ್ಕಳಿಗಾಗಿ ಸಂಕ್ಷೇಪಿಸುವಾಗ ಇನ್ನಷ್ಟು ಸೋರಿಹೋಗುತ್ತದೆ. ಉಳಿಯುವುದು ಬಹುಮಟ್ಟಿಗೆ ಯಂತ್ರ ಮತ್ತು ಅಷ್ಟಪದಿ. ಸಾಹಸ ಕಥೆ ಹಗುರವಾದದ್ದೆಂಬ ನಮ್ಮ ದೂರಿಗೆ ಈ ಹಗುರ ಮಾಡಿದ ಪುಸ್ತಕಗಳೇ ಬಹುಪಾಲು ಕಾರಣವೆಂದು ನಮಗೆ ತೋರುತ್ತದೆ.

ಕನ್ನಡದಲ್ಲಿ ಈ ಗೋಡೆಯನ್ನು ಒಡೆದು ತೋರಿಸಿದವರು ಪೂರ್ಣಚಂದ್ರ ತೇಜಸ್ವಿ. ಕೆನೆತ್ ಆಂಡರ್ಸನ್ನನ ಬೇಟೆಯ ಕಥೆಗಳನ್ನು ಕನ್ನಡಕ್ಕೆ ತಂದ ಕೈಯೇ ಹಾರುವ ಓತಿಯ ಬೆನ್ನು ಹತ್ತಿದ 'ಕರ್ವಾಲೊ'ವನ್ನು (1980) ಬರೆಯಿತು. ಅದು ಸಾಹಸವೋ ಗಂಭೀರ ಕೃತಿಯೋ ಎಂದು ಯಾರೂ ಪಂಚಾಯಿತಿ ಕೂರಿಸಬೇಕಾಗಿಲ್ಲ.

ಬರುವ ರಜೆಯಲ್ಲಿ ಮಕ್ಕಳಿಗೆ ವರ್ನನನ್ನು ಕೊಡಿಸುವ ತಂದೆತಾಯಿಗಳಲ್ಲಿ ನಮ್ಮದೊಂದು ವಿನಂತಿ. ಸಂಕ್ಷಿಪ್ತ ಪ್ರತಿಯನ್ನು ಬಿಟ್ಟು ಇತ್ತೀಚಿನ ಪೂರ್ಣ ಅನುವಾದವನ್ನೇ ಹುಡುಕಿ ತನ್ನಿ. ಮೀನುಗಳ ಪಟ್ಟಿ ಬಂದಲ್ಲಿ ಧಾರಾಳವಾಗಿ ಪುಟ ಮಗುಚಲಿ. ಅಷ್ಟಪದಿಯ ಅಧ್ಯಾಯ ಬಂದಾಗ ಮಾತ್ರ ನೀವೂ ಜೊತೆಯಲ್ಲಿ ಕುಳಿತು ಓದಿ. ಆ ನಾವಿಕ ಏಕೆ ಫ್ರೆಂಚಿನಲ್ಲಿ ಕೂಗಿದ ಎಂದು ಮಗು ಕೇಳಿದರೆ ಅದಕ್ಕೆ ಉತ್ತರ ಕನ್ನಡದಲ್ಲೇ ಹೇಳಿ.