ಅಕ್ಕನ ಚಿತ್ರ, ಫಿರ್ಯಾದಿಯ ಚಿತ್ರ

ಪತ್ರಕರ್ತೆ ಗೌರಿ ಲಂಕೇಶ್ ಬಗ್ಗೆ ಅವರ ತಂಗಿ ಕವಿತಾ ಲಂಕೇಶ್ ಮಾಡಿದ ‘ಗೌರಿ’ (2022) ಸಾಕ್ಷ್ಯಚಿತ್ರವನ್ನು ಒಂದು ರಾಜಕೀಯ ಹತ್ಯೆಯ ಕಥನವೆಂದು ನೋಡುವವರೇ ಹೆಚ್ಚು. ನಾನು ಅದನ್ನು ತಂಗಿ ಅಕ್ಕನ ಬಗ್ಗೆ ಮಾಡಿದ ಚಿತ್ರವಾಗಿ ನೋಡಿದೆ. ಅದರ ಬಲವೂ ಇಕ್ಕಟ್ಟೂ ಅಲ್ಲೇ ಇವೆ.

ಹೋರಾಟಗಾರ್ತಿ ಗೌರಿ ಬೇರೆಯವರ ಸಾಕ್ಷ್ಯಚಿತ್ರಗಳಲ್ಲಿ ನಮಗೆ ಆಗಲೇ ಸಿಕ್ಕಿದ್ದರು. ದೀಪು ಅವರ ‘ಅವರ್ ಗೌರಿ’ 2018ರಲ್ಲೇ ಬಂತು. ಅದೇ ವರ್ಷದ ‘ವಿವೇಕ್’ನಲ್ಲಿ ಆನಂದ್ ಪಟವರ್ಧನ್ ಈ ಸಾವನ್ನು ಹತ್ಯೆಯಾದ ವಿಚಾರವಾದಿಗಳಾದ ದಾಭೋಲ್ಕರ್, ಪಾನ್ಸರೆ, ಕಲಬುರ್ಗಿಯವರ ಸಾವುಗಳ ಸಾಲಿನಲ್ಲಿಟ್ಟರು. ತಂಗಿಯ ಕ್ಯಾಮೆರಾದಿಂದ ನಾವು ಬಯಸುವುದು ಬೇರೆ. ಇಂಗ್ಲಿಷ್ ಪತ್ರಿಕೋದ್ಯಮದಲ್ಲಿ ನೆಲೆ ಕಂಡಿದ್ದವಳು 2000ದ ಜನವರಿಯಲ್ಲಿ ಅಪ್ಪ ಲಂಕೇಶ್ ತೀರಿಕೊಂಡಾಗ ಅವರ ಬಸವನಗುಡಿಯ ‘ಲಂಕೇಶ್ ಪತ್ರಿಕೆ’ಯ ಕುರ್ಚಿಗೆ ಬಂದು ಕೂತು, ಕನ್ನಡದಲ್ಲಿ ಬರೆಯಲು ಒದ್ದಾಡಿದ್ದನ್ನು ಹತ್ತಿರದಿಂದ ಕಂಡವರು ಮನೆಯವರೇ ತಾನೆ?

ಆದರೆ ಆ ಅಕ್ಕನನ್ನು ಊರು ಒಂದೇ ರಾತ್ರಿಯಲ್ಲಿ ತನ್ನವಳನ್ನಾಗಿ ಮಾಡಿಕೊಂಡಿತು. 2017ರ ಸೆಪ್ಟೆಂಬರ್ 5ರ ರಾತ್ರಿ ಗುಂಡು. ಮರುದಿನ ಚಾಮರಾಜಪೇಟೆಯ ಟಿ.ಆರ್. ಮಿಲ್ ರುದ್ರಭೂಮಿಯಲ್ಲಿ ಮಂತ್ರ, ಪೂಜೆ ಏನೂ ಇಲ್ಲದೆ ಮಣ್ಣು. ಸರ್ಕಾರಗಳನ್ನು ಬಿಡದೆ ಬೈದವಳಿಗೆ ಪೊಲೀಸರ ಕುಶಾಲುತೋಪು! (ಗೌರಿ ಇದನ್ನು ಕಂಡಿದ್ದರೆ ನಗುತ್ತಿದ್ದರೇನೋ.) ವಿಧಿಗಳನ್ನೊಪ್ಪದ ಇಂಥ ಮನೆಯಲ್ಲಿ ಹನ್ನೊಂದನೇ ದಿನದ ಕೆಲಸವನ್ನು ಸಿನಿಮಾವೇ ಮಾಡಬೇಕಾಗುತ್ತದೆ.

ಪಟವರ್ಧನ್ ಅವರ ‘ವಸುಧೈವ ಕುಟುಂಬಕಂ’ ಜೊತೆ ಇಟ್ಟರೆ ವ್ಯತ್ಯಾಸ ತಿಳಿಯುತ್ತದೆ. ಅವರು ವಯಸ್ಸಾದ ಅಪ್ಪ ಅಮ್ಮನನ್ನು ಮನೆಯಲ್ಲಿ ಸುಮ್ಮನೆ, ಪ್ರೀತಿಗಾಗಿ ಚಿತ್ರಿಸಿಕೊಂಡಿದ್ದರು. ಸಿನಿಮಾ ಆಮೇಲೆ ಆಯಿತು. ಅಲ್ಲಿ ಹರಟೆಯಿದೆ, ರೇಗಾಟವಿದೆ. ಕವಿತಾ ಅವರಿಗೆ ಆ ಸಾವಧಾನ ಸಿಗಲಿಲ್ಲ. ಮೇಲಾಗಿ ಅವರು ಈ ಪ್ರಕರಣದ ಫಿರ್ಯಾದಿ. ಆರೋಪಿಯೊಬ್ಬನ ಮೇಲಿನ ಕೋಕಾ (ಸಂಘಟಿತ ಅಪರಾಧ ನಿಯಂತ್ರಣ) ಕಾಯ್ದೆಯ ಆರೋಪಗಳನ್ನು ಹೈಕೋರ್ಟ್ ರದ್ದುಮಾಡಿದಾಗ ಸುಪ್ರೀಂ ಕೋರ್ಟಿಗೆ ಹೋಗಿ, 2021ರ ಅಕ್ಟೋಬರ್‌ನಲ್ಲಿ ಗೆದ್ದವರು. ಕೋರ್ಟಿನ ಮುಂದೆ ನಿಂತವರು ಒಂದೊಂದು ಮಾತನ್ನೂ ಅಳೆದು ಆಡಬೇಕು. ಒಡಹುಟ್ಟಿದವರ ನೆನಪಿಗೆ ಆ ಅಳತೆ ಒಗ್ಗುವುದಿಲ್ಲ. ಚಿತ್ರ ಪತ್ರಿಕಾ ಸ್ವಾತಂತ್ರ್ಯದ ಮಾತಿಗೆ ಹೊರಳಿದಾಗ ನಾಗರಿಕಳು ಗೆಲ್ಲುತ್ತಾಳೆ, ತಂಗಿ ಹಿಂದೆ ಸರಿಯುತ್ತಾಳೆ. 2005ರಲ್ಲಿ ತಮ್ಮ ಇಂದ್ರಜಿತ್ ಜೊತೆ ಬಿರುಕು ಬಿದ್ದು ಗೌರಿ ಬೇರೆ ಪತ್ರಿಕೆ ಕಟ್ಟಿದ್ದು ಊರಿಗೆಲ್ಲ ಗೊತ್ತು. ಮನೆಮಂದಿಯ ಮೇಲಿನ ಚಿತ್ರಕ್ಕೆ ಇಂಥ ಬಿರುಕುಗಳೇ ಜೀವಾಳ. ಜಗಳಗಂಟಿ ಅಕ್ಕ, ತಪ್ಪಿದ ಅಕ್ಕ, ಇವರನ್ನು ಕೈಬಿಟ್ಟರೆ ಉಳಿಯುವುದು ಭಿತ್ತಿಚಿತ್ರ.

ಇದನ್ನು ಕವಿತಾ ಬಲ್ಲರು. ಅವರ ಮೊದಲ ಚಿತ್ರ ‘ದೇವೀರಿ’ (1999), ಅಪ್ಪನ ‘ಅಕ್ಕ’ ಕಾದಂಬರಿಯಿಂದ ಹುಟ್ಟಿದ್ದು. ಅಲ್ಲಿ ಕೊಳೆಗೇರಿಯ ಹುಡುಗ ಕ್ಯಾತನಿಗೆ ಅಕ್ಕ ಆದರ್ಶವಲ್ಲ, ಅಕ್ಕ ಅಷ್ಟೇ. ಆ ಕಣ್ಣು ‘ಗೌರಿ’ಗೂ ಪೂರ್ತಿಯಾಗಿ ಬೇಕಿತ್ತು.

ಆದ್ದರಿಂದ ಕವಿತಾ ಅವರಲ್ಲಿ ಒಂದು ಕೋರಿಕೆ: ಮೊಕದ್ದಮೆಯ ಹಂಗು ಹರಿದ ಮೇಲೆ ಇನ್ನೊಂದು ‘ಗೌರಿ’ ಮಾಡಿ. ಅದರಲ್ಲಿ ಯಾರೂ ಭಾಷಣ ಮಾಡದಿರಲಿ.