ಕ್ಯಾಲ್ಸಿಯಂ ನಾಳ ರೋಧಕ : ಒಂದು ವೈದ್ಯಕೀಯ ಪರಿಭಾಷೆಯ ವಿಮರ್ಶೆ

ಶಾಸ್ತ್ರದ ಶಬ್ದಗಳನ್ನು ದೇಶಭಾಷೆಗೆ ತರುವ ಕಾರ್ಯವು ಕನ್ನಡನಾಡಿಗೆ ಹೊಸದಲ್ಲ. ನೃಪತುಂಗನ ಕಾಲದವನೆಂದು ಎಣಿಸಲ್ಪಡುವ ಉಗ್ರಾದಿತ್ಯನು ಸಂಸ್ಕೃತದಲ್ಲಿ 'ಕಲ್ಯಾಣಕಾರಕ'ವೆಂಬ ವೈದ್ಯಗ್ರಂಥವನ್ನು ರಚಿಸಿದನು. ಹನ್ನೆರಡನೆಯ ಶತಮಾನದಲ್ಲಿ ಜಗದ್ದಳ ಸೋಮನಾಥನು ಪೂಜ್ಯಪಾದರ ಅದೇ ಹೆಸರಿನ ಗ್ರಂಥವನ್ನು ಕನ್ನಡಿಸಿದನು. ಸಂಸ್ಕೃತ ಕನ್ನಡ ಶಬ್ದಗಳನ್ನು ಕೂಡಿಸುವಲ್ಲಿ ವಿವೇಕವಿರಬೇಕೆಂದು ಬೋಧಿಸಿದ 'ಕವಿರಾಜಮಾರ್ಗ'ವೂ ನೃಪತುಂಗನ ಆಸ್ಥಾನದ್ದೇ. ಆತನ ರಾಜಧಾನಿಯಾದ ಮಾನ್ಯಖೇಟವು ಕಲಬುರಗಿ ಜಿಲ್ಲೆಯ ಇಂದಿನ ಮಳಖೇಡ. ಅದೇ ಜಿಲ್ಲೆಯ ಆಳಂದ ತಾಲೂಕಿನಲ್ಲಿರುವ ಮಟಕಿಯಂಥ ಗ್ರಾಮದಲ್ಲಿ ಮೂತ್ರಪಿಂಡದ ವ್ಯಾಧಿಯಿಂದ ಬಳಲುವವನಿಗೆ ಆತನ ಔಷಧದ ಹೆಸರು ಏನೆಂದು ಕೇಳಿಸುವದು, ಅದರಿಂದ ಅವನು ಏನನ್ನು ತಿಳಿಯುವನು ಎಂಬದನ್ನು ಪರೀಕ್ಷಿಸುವದು ಆದಕಾರಣ ಅಪ್ರಸ್ತುತವಾಗಲಾರದು.

ಪರೀಕ್ಷೆಗೆ ತೆಗೆದುಕೊಂಡ ಶಬ್ದವು ಇಂಗ್ಲಿಷಿನ 'ಕ್ಯಾಲ್ಸಿಯಂ ಚಾನೆಲ್ ಬ್ಲಾಕರ್' ಎಂಬದು. ಮೊದಲು ಪದಾರ್ಥವನ್ನು ನಿಶ್ಚಯಿಸಬೇಕು. ಪದದ ವಿಚಾರವು ಆಮೇಲಿನದು. ರಕ್ತನಾಳದ ಭಿತ್ತಿಯಲ್ಲಿ ಸ್ನಾಯುಕೋಶಗಳಿವೆ. ಆ ಕೋಶಗಳ ಪೊರೆಯಲ್ಲಿರುವ ಅತಿಸೂಕ್ಷ್ಮವಾದ ದ್ವಾರಗಳ ಮೂಲಕ ಕ್ಯಾಲ್ಸಿಯಂ ಒಳಹೊಕ್ಕಾಗ ಸ್ನಾಯುವು ಸಂಕೋಚಗೊಳ್ಳುವದು, ನಾಳವು ಬಿಗಿಯುವದು, ರಕ್ತದೊತ್ತಡವು ಏರುವದು. ಆ ದ್ವಾರಗಳನ್ನು ತಡೆದರೆ ನಾಳವು ಸಡಿಲವಾಗಿ ಒತ್ತಡವು ಇಳಿಯುವದು. ಜರ್ಮನಿಯ ಆಲ್ಬ್ರೆಕ್ಟ್ ಫ್ಲೆಕೆನ್‌ಸ್ಟೈನ್ ಎಂಬ ವಿದ್ವಾಂಸರು 1960ರ ದಶಕದಲ್ಲಿ ಈ ತತ್ತ್ವವನ್ನು ಗುರುತಿಸಿ, ಇಂಥ ದ್ರವ್ಯಗಳನ್ನು 'ಕ್ಯಾಲ್ಸಿಯಂ ವಿರೋಧಿಗಳು' ಎಂದು ಕರೆದರು. ಆಮ್ಲೋಡಿಪಿನ್, ನಿಫೆಡಿಪಿನ್ ಮೊದಲಾದವು ಮುಖ್ಯವಾಗಿ ರಕ್ತನಾಳದ ಮೇಲೆ ವರ್ತಿಸುವವು. ವೆರಾಪಮಿಲ್, ಡಿಲ್ಟಿಯಾಜೆಮ್ ಎಂಬವು ಹೃದಯದ ಗತಿಯನ್ನೂ ಮಂದಗೊಳಿಸುವವು.

ಇದಕ್ಕೆ 'ಕ್ಯಾಲ್ಸಿಯಂ ನಾಳ ರೋಧಕ' ಎಂಬದು ಶಬ್ದಕ್ಕೆ ಶಬ್ದವಿಟ್ಟು ಮಾಡುವ ಅನುವಾದ. ಮೇಲ್ನೋಟಕ್ಕೆ ನಿರ್ದುಷ್ಟವಾಗಿ ಕಂಡರೂ ಮೂರು ಪದಗಳೂ ದೋಷಯುಕ್ತವಾಗಿವೆ.

ಮೊದಲನೆಯದು 'ನಾಳ'. ಕನ್ನಡದಲ್ಲಿ ದೇಹದ ಪ್ರಸಂಗದಲ್ಲಿ ನಾಳವೆಂದೊಡನೆ ರಕ್ತನಾಳವೇ ಮನಸ್ಸಿಗೆ ಬರುವದು. ಇಲ್ಲಿಯ ವಿವಕ್ಷೆಯಾದರೋ ಕೋಶದ ಪೊರೆಯ ದ್ವಾರ. ಎರಡನೆಯದು 'ರೋಧಕ'. ಇವೆರಡನ್ನೂ ಕೂಡಿಸಿದರೆ ರಕ್ತನಾಳವನ್ನು ಮುಚ್ಚುವದೆಂಬ ಅರ್ಥವು ಹೊರಡುವದು. ಹೃದಯದ ನಾಳದಲ್ಲಿ 'ಬ್ಲಾಕ್' ಆಗಿದೆ ಎಂಬ ಮಾತು ಇಂದು ಹಳ್ಳಿಹಳ್ಳಿಯಲ್ಲಿಯೂ ಭಯದ ಮಾತಾಗಿದೆ. ನಾಳವನ್ನು ಸಡಿಲಿಸುವ ಔಷಧಕ್ಕೆ ಮುಚ್ಚುವದೆಂಬ ಹೆಸರು ಬಂದರೆ ನೈಯಾಯಿಕರು ಇದನ್ನು ಅಸಂಭವದೋಷವೆಂದಾರು: ಲಕ್ಷಣವು ಲಕ್ಷ್ಯದಲ್ಲಿ ಎಲ್ಲಿಯೂ ಇಲ್ಲ. ಮೂತ್ರಪಿಂಡದ ರೋಗಿಯ ವಿಷಯದಲ್ಲಿ ಇನ್ನೊಂದು ಅಪಾರ್ಥವೂ ಉಂಟು. 'ರೋಧ'ವೆಂದರೆ ಅವನಿಗೆ ಮೂತ್ರರೋಧವೇ ನೆನಪಾಗುವದು.

ಮೂರನೆಯದಾದ 'ಕ್ಯಾಲ್ಸಿಯಂ' ಎಂಬದು ಎಲ್ಲಕ್ಕಿಂತ ಹೆಚ್ಚು ಭ್ರಾಂತಿಜನಕ. ಮೂತ್ರಪಿಂಡಗಳು ಕ್ಷೀಣಿಸಿದವರಿಗೆ ರಕ್ತದಲ್ಲಿಯ ರಂಜಕದ ಅಂಶ ಏರದಂತೆ ಊಟದೊಡನೆ ಕ್ಯಾಲ್ಸಿಯಂ ಮಾತ್ರೆಗಳನ್ನು ಕೊಡುವ ಪದ್ಧತಿಯುಂಟು. ಒಂದೇ ಚೀಟಿಯಲ್ಲಿ ಕ್ಯಾಲ್ಸಿಯಮ್ಮೂ ಇದೆ, ಕ್ಯಾಲ್ಸಿಯಂ ರೋಧಕವೂ ಇದೆ! ಒಂದನ್ನು ಕೊಟ್ಟು ಅದನ್ನೇ ತಡೆಯುವದೇಕೆಂದು ರೋಗಿಯು ಶಂಕಿಸಿ ಎರಡರಲ್ಲೊಂದನ್ನು ಬಿಟ್ಟರೆ ಅವನ ತರ್ಕದಲ್ಲಿ ತಪ್ಪಿಲ್ಲ, ತಪ್ಪು ಹೆಸರಿನಲ್ಲಿದೆ. ಔಷಧವು ತಡೆಯುವದು ಸ್ನಾಯುಕೋಶದೊಳಗಣ ಪ್ರವೇಶವನ್ನೇ ಹೊರತು ಅನ್ನದೊಡನೆ ಹೋಗುವ ಕ್ಯಾಲ್ಸಿಯಮ್ಮನ್ನಲ್ಲ.

ಹಾಗಾದರೆ ಪ್ರಾಚೀನ ಶಾಸ್ತ್ರದ 'ಸ್ರೋತಸ್' ಶಬ್ದವನ್ನು ತಂದು 'ಸ್ರೋತೋರೋಧಕ'ವೆಂದರೇನು ಎಂಬ ಪೂರ್ವಪಕ್ಷವು ಏಳಬಹುದು. ಇದೂ ಗ್ರಾಹ್ಯವಲ್ಲ. ಚರಕಸಂಹಿತೆಯ ವಿಮಾನಸ್ಥಾನದಲ್ಲಿ ಸ್ರೋತಸ್ಸುಗಳೆಂದರೆ ರಸ, ರಕ್ತ, ಮೂತ್ರಾದಿಗಳು ಸಂಚರಿಸುವ ಮಾರ್ಗಗಳು. ಅವುಗಳ ಅವರೋಧವೇ ರೋಗಕ್ಕೆ ಕಾರಣವೆಂಬದು ಆ ಶಾಸ್ತ್ರದ ಮತ. ರೋಗಕಾರಣವಾದ ಹೆಸರನ್ನು ಔಷಧಕ್ಕೆ ಇಡುವದು ವಿಪರೀತವಾಗುವದು. ಹಳೆಯ ಶಬ್ದವು ಹೊಸ ಅರ್ಥಕ್ಕೆ ತಾನಾಗಿ ಒಪ್ಪುವದೆಂಬ ನಂಬಿಕೆಯೂ ಸಾಧುವಲ್ಲ. 'ವೃಕ್ಕ' ಶಬ್ದವನ್ನೇ ನೋಡಬಹುದು. ಅದು ಇಂದು ಮೂತ್ರಪಿಂಡಕ್ಕೆ ಸಲ್ಲುತ್ತದೆ. ಚರಕನಲ್ಲಿಯಾದರೋ ವೃಕ್ಕಗಳು ಮೇದೋವಹ ಸ್ರೋತಸ್ಸಿನ ಮೂಲ, ಮೂತ್ರವಹದ ಮೂಲಗಳು ಬಸ್ತಿ ಮತ್ತು ವಂಕ್ಷಣಗಳು.

ಇಂಗ್ಲಿಷ್ ಹೆಸರನ್ನೇ ಇಟ್ಟರೂ ತೊಡಕು ತೀರದು. 'ಆಮ್ಲೋಡಿಪಿನ್' ಎಂಬದನ್ನು ಕನ್ನಡದಲ್ಲಿ ಬರೆದಾಗ ಮೊದಲಿಗೆ ಕಾಣುವದು 'ಆಮ್ಲ'. ಆಮ್ಲಪಿತ್ತವನ್ನು ಬಲ್ಲವನು ಇದನ್ನು ಎದೆಯುರಿಯ ಮಾತ್ರೆಯೆಂದು ಬಗೆದು ಉರಿಯಿಲ್ಲದ ದಿನ ಬಿಡುವ ಸಂಭವವುಂಟು. ಈ ಮಾತ್ರೆಯಾದರೋ ದಿನಕ್ಕೊಮ್ಮೆ ತಪ್ಪದೆ ಸಲ್ಲತಕ್ಕದ್ದು.

ಇದು ಕೇವಲ ವೈಯಾಕರಣರ ಚರ್ಚೆಯಲ್ಲವೆಂಬದನ್ನು ರೋಗದ ಸ್ವಭಾವವೇ ತೋರಿಸುವದು. ಮೂತ್ರಪಿಂಡದ ವ್ಯಾಧಿಯು ರಕ್ತದೊತ್ತಡವನ್ನು ಏರಿಸುವದು. ಏರಿದ ಒತ್ತಡವು ಮೂತ್ರಪಿಂಡವನ್ನು ಮತ್ತಷ್ಟು ಕೆಡಿಸುವದು. ಬೀಜಾಂಕುರದಂತಿರುವ ಈ ಚಕ್ರವನ್ನು ಕಡಿಯುವದೇ ಚಿಕಿತ್ಸೆಯ ಗುರಿ. ಆಮ್ಲೋಡಿಪಿನ್ ಯಕೃತ್ತಿನಲ್ಲಿ ಜೀರ್ಣವಾಗುವದರಿಂದ ಮೂತ್ರಪಿಂಡ ಕ್ಷೀಣಿಸಿದರೂ ಸಾಮಾನ್ಯವಾಗಿ ಮಾತ್ರೆಯ ಪ್ರಮಾಣವನ್ನು ತಗ್ಗಿಸಬೇಕಾಗುವದಿಲ್ಲ. ಇದು ಅದರ ದೊಡ್ಡ ಗುಣ. ಮಿತಿಯೂ ಉಂಟು. ಅದು ಮೂತ್ರಪಿಂಡದ ಸೋಸುಗಂಟಿಗೆ ರಕ್ತವನ್ನು ತರುವ ಕಿರುನಾಳವನ್ನು, ಒಯ್ಯುವ ಕಿರುನಾಳಕ್ಕಿಂತ ಹೆಚ್ಚಾಗಿ ಹಿಗ್ಗಿಸುವದರಿಂದ ಒಳಗಣ ಒತ್ತಡ ಉಳಿಯಬಹುದು. ಅಮೇರಿಕದ ಆಫ್ರಿಕನ್ ಮೂಲದ ರೋಗಿಗಳಲ್ಲಿ ನಡೆದು 2001ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಮೂತ್ರದಲ್ಲಿ ಪ್ರೋಟೀನು ಹೋಗುತ್ತಿದ್ದವರಿಗೆ ಆಮ್ಲೋಡಿಪಿನ್‌ಗಿಂತ ರಾಮಿಪ್ರಿಲ್ ಹೆಚ್ಚು ರಕ್ಷಣೆಯಿತ್ತಿತು. ಆದಕಾರಣ ಅಂಥವರಿಗೆ ರಾಮಿಪ್ರಿಲ್, ಲೊಸಾರ್ಟನ್ ಮೊದಲಾದವುಗಳ ವರ್ಗವೇ ಪ್ರಧಾನ. ಪ್ರಸ್ತುತ ವರ್ಗವು ಅದರ ಸಹಾಯಕ. ಒಂದಕ್ಕೆ ಬದಲಾಗಿ ಇನ್ನೊಂದಲ್ಲ, ಒಂದರೊಡನೆ ಇನ್ನೊಂದು ಎಂಬದನ್ನು ರೋಗಿಯು ತಿಳಿದಿರಬೇಕು.

ಇದಲ್ಲದೆ ಈ ಔಷಧದಿಂದ ಕೆಲವರಿಗೆ ಕಣಕಾಲು ಬಾಯುವದುಂಟು. ಕಾಲು ಬಾತರೆ ಕಿಡ್ನಿ ಕೆಟ್ಟಿತೆಂದು ಜನರು ತಿಳಿದಿರುವರು. ಆ ತಿಳಿವಳಿಕೆಯೂ ನಿರಾಧಾರವಲ್ಲ. ಆದರೆ ಇಲ್ಲಿಯ ಬಾವು ನಾಳಗಳು ಸಡಿಲಗೊಂಡುದರಿಂದ ಆದದ್ದಾಗಿರಬಹುದು. ಯಾವದು ಯಾವದೆಂಬದನ್ನು ವೈದ್ಯನೇ ನಿರ್ಣಯಿಸಬೇಕು. 'ರೋಧಕ'ವೆಂಬ ಹೆಸರಿನಿಂದ ಮೊದಲೇ ಅಂಜಿದವನು ಬಾವನ್ನು ಕಂಡೊಡನೆ ವೈದ್ಯನನ್ನು ಕೇಳದೆಯೇ ಮಾತ್ರೆಯನ್ನು ಎಸೆಯುವನು. ಮಟಕಿಯಿಂದ ಕಲಬುರಗಿಗೋ ಸೋಲಾಪುರಕ್ಕೋ ಹೋಗಿ ಕೇಳಿಬರಲು ಒಂದು ದಿನದ ಕೂಲಿ ಹೋಗುವದೆಂಬದನ್ನೂ ಮರೆಯಲಾಗದು.

ಹಾಗಾದರೆ ಸಿದ್ಧಾಂತವೇನು? 'ರಕ್ತನಾಳ ಶಿಥಿಲಕ'ವೆಂಬ ಹೆಸರು ಸುಬೋಧವಾದರೂ ಅತಿವ್ಯಾಪ್ತವಾಗುವದು. ಹೈಡ್ರಾಲಜೀನ್, ಪ್ರಾಜೋಸಿನ್ ಮೊದಲಾದ ಅನ್ಯ ವರ್ಗಗಳೂ ನಾಳವನ್ನು ಸಡಿಲಿಸುವವು. ಆದುದರಿಂದ ಶಾಸ್ತ್ರಗ್ರಂಥಗಳಲ್ಲಿ 'ಕ್ಯಾಲ್ಸಿಯಂ ಪ್ರವೇಶ ತಡೆ' ಎಂಬದು ಗ್ರಾಹ್ಯವಾಗಿದೆ. ಇದರಲ್ಲಿ ನಾಳದ ಸಂದೇಹವಿಲ್ಲ, ತಡೆಯಲ್ಪಡುವದು ಪ್ರವೇಶವೆಂಬದು ಸ್ಪಷ್ಟವಾಗಿದೆ. ರೋಗಿಯ ಚೀಟಿಯಲ್ಲಿಯಾದರೋ ವರ್ಗದ ಹೆಸರೇ ಬೇಡ. 'ರಕ್ತನಾಳದ ಬಿಗಿ ಸಡಿಲಿಸಿ ಬಿ.ಪಿ. ಇಳಿಸುವ ಮಾತ್ರೆ, ದಿನಕ್ಕೊಮ್ಮೆ, ಕಾಲು ಬಾತರೆ ಬಿಡದೆ ಬಂದು ತೋರಿಸಬೇಕು' ಎಂಬ ಒಂದು ವಾಕ್ಯ ಸಾಕು. ಅತಿವ್ಯಾಪ್ತಿಯು ಲಕ್ಷಣಕ್ಕೆ ದೋಷವೇ ಹೊರತು ಇಂಥ ಉಪದೇಶಕ್ಕೆ ದೋಷವಲ್ಲ.

ಪಂಡಿತನಿಗೆ ಬೇಕಾದ ಹೆಸರು ಬೇರೆ, ಪೀಡಿತನಿಗೆ ಬೇಕಾದ ಮಾತು ಬೇರೆ. ಇವೆರಡನ್ನೂ ಒಂದೇ ಶಬ್ದದಿಂದ ಸಾಧಿಸಹೊರಟದ್ದೇ ಈ ಪರಿಭಾಷೆಯ ಮೂಲದೋಷ. ವೈದ್ಯಕೀಯ ಕೋಶಗಳನ್ನು ರಚಿಸುವವರು ಪ್ರತಿಯೊಂದು ಪಾರಿಭಾಷಿಕ ಶಬ್ದದ ಕೆಳಗೆ ರೋಗಿಗೆ ಹೇಳತಕ್ಕ ಒಂದು ವಾಕ್ಯವನ್ನೂ ಕೊಟ್ಟರೆ ಕೋಶವು ವೈದ್ಯನ ಮೇಜಿನಿಂದ ರೋಗಿಯ ಮನೆಯವರೆಗೂ ಉಪಯುಕ್ತವಾಗುವದು.